ಮಾತು ಬರುವ ಮುನ್ನವೇ ನಮ್ಮದಾಗಿದ್ದ ಸಿನಿಮಾ

ಕನ್ನಡ ಚಿತ್ರರಂಗದ ಹುಟ್ಟುಹಬ್ಬವನ್ನು ನಾವು 1934ರ ಮಾರ್ಚ್ 3ಕ್ಕೆ ಗುರುತಿಸುತ್ತೇವೆ. ಅಂದು ಬೆಂಗಳೂರಿನ ಸಿಟಿ ಮಾರುಕಟ್ಟೆಯ ಸಮೀಪದ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ ತೆರೆಕಂಡಿತು. ಸುಬ್ಬಯ್ಯ ನಾಯ್ಡು ಇಂದ್ರಜಿತು, ಆರ್. ನಾಗೇಂದ್ರರಾವ್ ರಾವಣ, ತ್ರಿಪುರಾಂಬ ಸುಲೋಚನೆ; ಸಾಹಿತ್ಯ ಬೆಳ್ಳಾವೆ ನರಹರಿ ಶಾಸ್ತ್ರಿಗಳದು; ನಿರ್ದೇಶನ ವೈ.ವಿ. ರಾವ್. ಅಮೆರಿಕದ ಕನ್ನಡ ಸಂಘಗಳ ರಸಪ್ರಶ್ನೆ ಸ್ಪರ್ಧೆಗಳಲ್ಲಿ ಈ ವಿವರಗಳು ಮತ್ತೆ ಮತ್ತೆ ಬರುತ್ತವೆ, ಚಪ್ಪಾಳೆಯೂ ಸಿಗುತ್ತದೆ. ಆದರೆ ಪ್ರಶ್ನೆ ನಿರ್ದೇಶಕನ ಹೆಸರಿಗೇ ನಿಂತುಬಿಡುತ್ತದೆ. 1934ರ ಮಾರ್ಚ್ 2ರಂದು ಈ ವೈ.ವಿ. ರಾವ್ ಯಾರಾಗಿದ್ದರು, ಎಲ್ಲಿಂದ ಬಂದಿದ್ದರು, ಅಲ್ಲಿಯವರೆಗೆ ಏನು ಮಾಡುತ್ತಿದ್ದರು ಎಂದು ಯಾರೂ ಕೇಳುವುದಿಲ್ಲ. ಹಾಗೆ ಕೇಳಿದರೆ ನಮ್ಮ ಹುಟ್ಟುಹಬ್ಬದ ಲೆಕ್ಕಾಚಾರವೇ ಸ್ವಲ್ಪ ಅಲುಗಾಡುತ್ತದೆ.

ಯರಗುಡಿಪಾಟಿ ವರದರಾವ್ 1903ರಲ್ಲಿ ನೆಲ್ಲೂರಿನಲ್ಲಿ ಹುಟ್ಟಿದವರು. ಮನೆಮಾತು ತೆಲುಗು. ರಂಗಭೂಮಿಯಿಂದ ಸಿನಿಮಾಕ್ಕೆ ಬಂದವರು. ಕೊಲ್ಲಾಪುರ, ಮುಂಬಯಿಗಳ ಮೂಕಿ ಚಿತ್ರಗಳಲ್ಲಿ ನಟಿಸಿ, ಅನಂತರ ಮದರಾಸಿಗೆ ಬಂದು ಎ. ನಾರಾಯಣನ್ ಅವರ ಜನರಲ್ ಪಿಕ್ಚರ್ಸ್ ಕಾರ್ಪೊರೇಷನ್ ಬಳಗವನ್ನು ಸೇರಿಕೊಂಡರು. 1929ರ ‘ಗರುಡ ಗರ್ವಭಂಗಂ’ ಚಿತ್ರದಲ್ಲಿ ನಾಯಕ. ಮರುವರ್ಷವೇ ‘ಪಾಂಡವ ನಿರ್ವಾಣ’, ‘ಸಾರಂಗಧರ’ ಚಿತ್ರಗಳ ನಿರ್ದೇಶಕ. ಇಪ್ಪತ್ತೇಳರ ಹರೆಯದಲ್ಲಿ ಕ್ಯಾಮೆರಾದ ಎದುರಿಗೂ ಹಿಂದಕ್ಕೂ ಸಲೀಸಾಗಿ ಓಡಾಡುತ್ತಿದ್ದ ಈತ, ಯೂರೋಪಿನ ಮೂಕಿ ಯುಗ ಬೆಳೆಸಿದ ನಟ-ನಿರ್ದೇಶಕರ ಪರಂಪರೆಗೆ ಸೇರಿದವರು. ಮಾತಿನ ಆಸರೆಯಿಲ್ಲದೆ, ದೇಹದ ಲಯದಿಂದ ಮತ್ತು ಚೌಕಟ್ಟಿನ ಎಚ್ಚರದಿಂದ ಕಥೆ ಹೇಳುವುದನ್ನು ಕಲಿತವರು.

ಅವರನ್ನು ಕರ್ನಾಟಕಕ್ಕೆ ಜೋಡಿಸಿದ ಕೊಂಡಿಗಳಲ್ಲಿ ಒಂದು ಗುಬ್ಬಿ ವೀರಣ್ಣನವರದು. ವೀರಣ್ಣನವರನ್ನು ನಾವು ನಾಟಕರತ್ನರೆಂದು ಬಲ್ಲೆವು. ‘ಕುರುಕ್ಷೇತ್ರ’ ನಾಟಕಕ್ಕೆ ನಿಜವಾದ ಆನೆ ಕುದುರೆಗಳನ್ನು ರಂಗಕ್ಕೆ ತಂದ ಸಾಹಸಿಯೆಂದು ಬಲ್ಲೆವು. 1954ರ ‘ಬೇಡರ ಕಣ್ಣಪ್ಪ’ದ ಮೂಲಕ ರಾಜ್‌ಕುಮಾರ್ ಅವರನ್ನು ನಾಯಕನಾಗಿಸಿದ ಸಂಸ್ಥೆಯ ಯಜಮಾನರೆಂದೂ ಬಲ್ಲೆವು. ಅದಕ್ಕೂ ಎರಡು ದಶಕಗಳ ಮೊದಲು, ಟಾಕಿಯ ಸದ್ದು ಕನ್ನಡಕ್ಕೆ ಬರುವ ಮುನ್ನವೇ, ಅವರು ಕರ್ನಾಟಕ ಪಿಕ್ಚರ್ಸ್ ಕಾರ್ಪೊರೇಷನ್ ಮೂಲಕ ಮೂಕಿ ಚಿತ್ರಗಳಿಗೆ ಹಣ ಹೂಡಿ ಸ್ವತಃ ನಟಿಸಿದ್ದರು ಎಂಬುದು ಮಾತ್ರ ನಮ್ಮ ನೆನಪಿನ ಅಂಚಿನಲ್ಲೆಲ್ಲೋ ಉಳಿದಿದೆ. ‘ಹಿಸ್ ಲವ್ ಅಫೇರ್’ ಚಿತ್ರವನ್ನು ನಿರ್ದೇಶಿಸಿದವರು ರಫಾಯೆಲ್ ಆಲ್ಗೋಟ್ ಎಂಬ ಬೆಲ್ಜಿಯಂ ದೇಶದ ಛಾಯಾಗ್ರಾಹಕ. 1932ರ ‘ಹರಿಮಾಯಾ’ವನ್ನು ನಿರ್ದೇಶಿಸಿದವರು ವೈ.ವಿ. ರಾವ್. ಅಂದರೆ ಮೊದಲ ಕನ್ನಡ ವಾಕ್ಚಿತ್ರದ ನಿರ್ದೇಶಕ 1934ರಲ್ಲಿ ಹೊಸದಾಗಿ ಬಂದಿಳಿದ ಆಗಂತುಕನಲ್ಲ. ಕನ್ನಡ ರಂಗಭೂಮಿಯ ಅತಿ ದೊಡ್ಡ ನಟನೊಡನೆ ಆಗಲೇ ಕೆಲಸ ಮಾಡಿದ್ದವನು. ಹೀಗಿರುವಾಗ ಕನ್ನಡ ಸಿನಿಮಾ 1934ರಲ್ಲಿ ಹುಟ್ಟಿತೆನ್ನುವುದು ಮಗು ಮೊದಲ ಮಾತಾಡಿದ ದಿನವನ್ನೇ ಅದರ ಜನ್ಮದಿನವೆಂದು ಬರೆದಿಟ್ಟಂತೆ.

‘ಮೂಕಿ ಚಿತ್ರಕ್ಕೆ ಭಾಷೆಯೇ ಇಲ್ಲವಲ್ಲ, ಅದು ಕನ್ನಡದ್ದು ಹೇಗಾದೀತು?’ ಎಂಬ ಆಕ್ಷೇಪ ಸಹಜ. ಆದರೆ ಮೂಕಿ ಚಿತ್ರದ ಕಾಲದ ಚಿತ್ರಮಂದಿರ ಎಂದೂ ಮೂಕವಾಗಿರಲಿಲ್ಲ. ತೆರೆಯ ಪಕ್ಕದಲ್ಲಿ ಹಾರ್ಮೋನಿಯಂ, ತಬಲ ಕುಳಿತಿರುತ್ತಿದ್ದವು. ದೃಶ್ಯಗಳ ನಡುವೆ ಬರುವ ಬರಹದ ಫಲಕಗಳನ್ನು, ಓದು ಬಾರದ ಪ್ರೇಕ್ಷಕರಿಗಾಗಿ, ಗಟ್ಟಿಯಾಗಿ ಓದಿ ಹೇಳುವವರಿದ್ದರು. ಒಂದೇ ರೀಲು ಒಂದೂರಿನಲ್ಲಿ ತೆಲುಗಿನಲ್ಲಿ, ಮತ್ತೊಂದೂರಿನಲ್ಲಿ ತಮಿಳಿನಲ್ಲಿ, ಇನ್ನೊಂದೂರಿನಲ್ಲಿ ಕನ್ನಡದಲ್ಲಿ ಮಾತಾಡುತ್ತಿತ್ತು. ಹರಿಕಥೆ, ಯಕ್ಷಗಾನ, ಕಂಪನಿ ನಾಟಕಗಳಿಂದ ಹದಗೊಂಡ ಪ್ರೇಕ್ಷಕನಿಗೆ ತೆರೆಯ ಮೇಲಿನ ಅಭಿಮನ್ಯುವಾಗಲಿ ಸಾರಂಗಧರನಾಗಲಿ ಪರಭಾಷೆಯವನೆನಿಸುತ್ತಿರಲಿಲ್ಲ. ಭಾಷೆ ರೀಲಿನೊಳಗೆ ಇರಲಿಲ್ಲ, ನೋಡುವವರ ನಡುವೆ ಇತ್ತು. ಅದನ್ನು ಕನ್ನಡದ ಸಿನಿಮಾ ಮಾಡಿದವರು ಪ್ರೇಕ್ಷಕರು.

ಈ ಮಾತನ್ನು ನಾರ್ತ್ ಕೆರೊಲಿನಾದ ರಾಲಿಯಲ್ಲಿ ಕುಳಿತು ಬರೆಯುವಾಗ ನನಗೆ ಅದು ಕೇವಲ ಇತಿಹಾಸವಾಗಿ ತೋರುವುದಿಲ್ಲ. ಇಲ್ಲಿ ಕ್ಯಾರಿ, ಮಾರಿಸ್‌ವಿಲ್ ಕಡೆಯ ಚಿತ್ರಮಂದಿರಗಳಿಗೆ ಕನ್ನಡ ಚಿತ್ರ ಬಂದಾಗ ಸಭಾಂಗಣದಲ್ಲಿ ಏನಾಗುತ್ತದೆ ಎಂಬುದನ್ನು ಓದುಗರೂ ಕಂಡಿರುತ್ತೀರಿ. ತೆರೆಯ ಅಡಿಯಲ್ಲಿ ಇಂಗ್ಲಿಷ್ ಉಪಶೀರ್ಷಿಕೆ ಹರಿಯುತ್ತದೆ. ಇಲ್ಲಿಯೇ ಹುಟ್ಟಿ ಬೆಳೆದ ಮಕ್ಕಳು ಅದನ್ನು ಓದುತ್ತಾರೆ. ಊರಿನಿಂದ ಬಂದಿರುವ ಅಜ್ಜಿ ಪಕ್ಕದ ಕುರ್ಚಿಯಿಂದ ಬಾಗಿ, ಉಪಶೀರ್ಷಿಕೆಯಲ್ಲಿ ಇಳಿಯದೆ ಹೋದ ಗಾದೆಯೊಂದನ್ನು ಬಿಡಿಸಿ ಹೇಳುತ್ತಾರೆ. ತೊಂಬತ್ತು ವರ್ಷಗಳ ಹಿಂದಿನ ಫಲಕ ಓದುವವನು ಬೇರೊಂದು ವೇಷದಲ್ಲಿ ಮರಳಿ ಬಂದಂತೆ. ಆ ಮಗು ಕನ್ನಡದ ಪ್ರೇಕ್ಷಕ ಹೌದೋ ಅಲ್ಲವೋ? ನಿರರ್ಗಳವಾಗಿ ಮಾತಾಡಲು ಬಂದರೆ ಮಾತ್ರ ಕನ್ನಡದವರು ಎನ್ನುವ ಅಳತೆಗೋಲನ್ನೇ ಹಿಡಿದರೆ ಆ ಮಗುವೂ ಹೊರಗೆ, ‘ಹರಿಮಾಯಾ’ವೂ ಹೊರಗೆ. ಇತಿಹಾಸಕ್ಕೆ ನಾವು ಹಾಕುವ ಗಡಿ ಎಂದೂ ಇತಿಹಾಸದಲ್ಲಿಯೇ ಉಳಿಯುವುದಿಲ್ಲ. ಅದು ನಮ್ಮ ಮನೆಯ ಹೊಸ್ತಿಲಿಗೂ ಬಂದು ನಿಲ್ಲುತ್ತದೆ.

ಇನ್ನು, ಅಚ್ಚ ಕನ್ನಡದ ಹೆಮ್ಮೆಯ ಗುರುತಾಗಿ ನಾವು ಹೊತ್ತು ಮೆರೆಸುವ ‘ಸತಿ ಸುಲೋಚನಾ’ವನ್ನೇ ತೆಗೆದುಕೊಳ್ಳೋಣ. ಅದಕ್ಕೆ ಹಣ ಹಾಕಿದವರು ಬೆಂಗಳೂರಿನಲ್ಲಿ ವ್ಯಾಪಾರಿಯಾಗಿದ್ದ ರಾಜಸ್ಥಾನ ಮೂಲದ ಚಮನ್‌ಲಾಲ್ ಡುಂಗಾಜಿ. ಚಿತ್ರೀಕರಣ ನಡೆದದ್ದು ಮರಾಠಿ ನೆಲದ ಕೊಲ್ಲಾಪುರದ ಛತ್ರಪತಿ ಸ್ಟುಡಿಯೋದಲ್ಲಿ. ನಿರ್ದೇಶಿಸಿ, ಲಕ್ಷ್ಮಣನ ಪಾತ್ರವನ್ನೂ ವಹಿಸಿದವರು ನೆಲ್ಲೂರಿನ ತೆಲುಗರು. ಅದೇ ವರ್ಷ ಬಂದ ‘ಭಕ್ತ ಧ್ರುವ’ದ ನಿರ್ದೇಶಕ ಪಾರ್ಶ್ವನಾಥ ಆಳ್ತೇಕರ್ ಮರಾಠಿ ರಂಗಭೂಮಿಯವರು. ಕನ್ನಡ ಸಿನಿಮಾ ಮೊದಲ ಮಾತಾಡಿದಾಗಲೇ ಅದರ ಬೆನ್ನ ಹಿಂದೆ ನಾಲ್ಕೈದು ಭಾಷೆಗಳ ಕೈಗಳಿದ್ದವು. ಇದರಿಂದ ಕನ್ನಡದ ಘನತೆ ಕುಗ್ಗುವುದಿಲ್ಲ. ಭಾಷೆಯ ಹೆಸರಿನಲ್ಲಿ ಹೊರಗಿನವರೆಂದು ಬೆರಳು ತೋರುವ ರಾಜಕಾರಣ ಊರಿನಲ್ಲಿಯೂ ನಾವಿರುವ ಈ ದೇಶದಲ್ಲಿಯೂ ಮತ್ತೆ ಮತ್ತೆ ತಲೆ ಎತ್ತುವಾಗ, ನೆನಪಿನಲ್ಲಿಟ್ಟುಕೊಳ್ಳಬೇಕಾದ ಸಂಗತಿ ಇದು.

ರಾವ್ ಅವರ ಮುಂದಿನ ದಾರಿಯೂ ಗಡಿಗಳನ್ನು ಲೆಕ್ಕಿಸಲಿಲ್ಲ. 1937ರಲ್ಲಿ ಅವರು ನಿರ್ದೇಶಿಸಿದ ತಮಿಳು ಚಿತ್ರ ‘ಚಿಂತಾಮಣಿ’ ಮದರಾಸಿನಲ್ಲಿ ವರ್ಷ ದಾಟಿ ಓಡಿ, ಎಂ.ಕೆ. ತ್ಯಾಗರಾಜ ಭಾಗವತರನ್ನು ಮನೆಮಾತಾಗಿಸಿತು. ಆ ಚಿತ್ರದ ಚಿಂತಾಮಣಿ ನಮ್ಮ ಅಶ್ವತ್ಥಮ್ಮ. 1935ರ ಕನ್ನಡ ‘ಸದಾರಮೆ’ಯಲ್ಲಿ ನಟಿಸಿದ್ದ ಗಾಯಕಿ. 1939ರಲ್ಲಿ ರಾವ್ ತೆಲುಗಿನಲ್ಲಿ ‘ಮಳ್ಳಿ ಪೆಳ್ಳಿ’ ತೆಗೆದರು. ಹೆಸರಿನ ಅರ್ಥ ಮರುಮದುವೆ. ಮುದುಕನಿಗೆ ಕೊಟ್ಟು ಮದುವೆಯಾಗಿ ಬಾಲ್ಯದಲ್ಲಿಯೇ ವಿಧವೆಯಾದ ಹುಡುಗಿಯೊಬ್ಬಳು, ಅವಳನ್ನು ಪ್ರೀತಿಸಿ ಮದುವೆಯಾಗುವ ಯುವಕ: ಇದು ಅದರ ಕಥೆ. ಕಾಂಚನಮಾಲಾ ಆ ಹುಡುಗಿ. ಆ ಯುವಕನ ಪಾತ್ರವನ್ನು ರಾವ್ ಸ್ವತಃ ವಹಿಸಿದರು.

ಈ ಎರಡು ಚಿತ್ರಗಳನ್ನು ಒಟ್ಟಿಗೆ ಇಟ್ಟು ನೋಡಬೇಕು. 1934ರಲ್ಲಿ ಗಂಡನ ಚಿತೆಯನ್ನೇರುವ ಸುಲೋಚನೆಯ ಕಥೆ. 1939ರಲ್ಲಿ ಗಂಡ ಸತ್ತ ಮೇಲೂ ಬದುಕುವ, ಮತ್ತೆ ಮದುವೆಯಾಗುವ ಹೆಣ್ಣಿನ ಕಥೆ. ಐದು ವರ್ಷಗಳ ಅಂತರ, ಒಬ್ಬನೇ ನಿರ್ದೇಶಕ. ಇದನ್ನು ವ್ಯಕ್ತಿಯೊಬ್ಬನ ಮನಪರಿವರ್ತನೆಯೆಂದು ಸರಳಗೊಳಿಸಬೇಕಾಗಿಲ್ಲ. ಪೌರಾಣಿಕದ ಮಾರುಕಟ್ಟೆಯೂ ಸಾಮಾಜಿಕದ ಮಾರುಕಟ್ಟೆಯೂ ತಮ್ಮ ತಮ್ಮ ಬೇಡಿಕೆಗಳನ್ನು ಇಟ್ಟಿದ್ದವು. ವೀರೇಶಲಿಂಗಂ ಪಂತುಲು ಹತ್ತೊಂಬತ್ತನೆಯ ಶತಮಾನದಲ್ಲಿಯೇ ವಿಧವಾವಿವಾಹಕ್ಕಾಗಿ ಹದಗೊಳಿಸಿದ್ದ ಆಂಧ್ರದ ನೆಲವೂ ಇತ್ತು. ಆದರೂ ನಮ್ಮ ‘ಮೊದಲ ನಿರ್ದೇಶಕ’ನನ್ನು ‘ಸತಿ’ಯೊಡನೆ ಮಾತ್ರ ಕಟ್ಟಿಹಾಕಿ, ಮರುಮದುವೆಯ ಚಿತ್ರವನ್ನು ಬೇರೆ ಭಾಷೆಯವರ ಖಾತೆಗೆ ಬಿಟ್ಟುಕೊಟ್ಟಿದ್ದೇವಲ್ಲ, ಅದು ಭಾಷಾವಾರು ಇತಿಹಾಸ ನಮಗೆ ಮಾಡಿದ ನಷ್ಟ. ಒಬ್ಬ ಕಲಾವಿದನ ಬದುಕನ್ನು ರಾಜ್ಯಗಳ ಗಡಿರೇಖೆಯ ಉದ್ದಕ್ಕೂ ಕತ್ತರಿಸಿದರೆ ನಮ್ಮ ಪಾಲಿಗೆ ಬರುವುದು ಅವನ ಅರ್ಧ ಮಾತ್ರ. ಬಹಳ ಸಲ ಕಡಿಮೆ ಪ್ರಗತಿಪರವಾದ ಅರ್ಧ.

‘ಪತಿಯ ಚಿತೆಯನ್ನೇರುವ ಪೌರಾಣಿಕವೊಂದು ಕಳೆದುಹೋದರೆ ಯಾರಿಗೇನು ನಷ್ಟ?’ ಎಂದು ನಮ್ಮ ವಲಯದ ಗೆಳೆಯರೇ ಕೇಳುವುದುಂಟು. ಪ್ರಶ್ನೆಯ ಹಿಂದಿನ ಸಿಟ್ಟು ನನಗೆ ಅರ್ಥವಾಗುತ್ತದೆ. ಆದರೆ ವಿಮರ್ಶೆಗೂ ರೀಲು ಬೇಕು. ತ್ರಿಪುರಾಂಬ ಆ ಸುಲೋಚನೆಯನ್ನು ಹೇಗೆ ಅಭಿನಯಿಸಿದರು? ಕಣ್ಣಿನಲ್ಲಿ ಶರಣಾಗತಿ ಇತ್ತೇ, ಪ್ರಶ್ನೆ ಇತ್ತೇ? ಮರ್ಯಾದಸ್ಥ ಹೆಣ್ಣು ರಂಗಕ್ಕೆ ಕಾಲಿಡಬಾರದೆಂದು ಸಮಾಜ ನಂಬಿದ್ದ ದಿನಗಳಲ್ಲಿ ಕ್ಯಾಮೆರಾದ ಮುಂದೆ ನಿಂತ ಆಕೆಯ ನಡಿಗೆ, ನೋಟ, ಉಸಿರು ಏನು ಹೇಳುತ್ತಿದ್ದವು? ಮೃಚ್ಛಕಟಿಕದ ಕಥೆಯನ್ನು ಆಧರಿಸಿ ಮೋಹನ್ ಭವನಾನಿ ತೆಗೆದ ಮೂಕಿ ಚಿತ್ರ ‘ವಸಂತಸೇನಾ’ದಲ್ಲಿ ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿ ಚಟ್ಟೋಪಾಧ್ಯಾಯರು ನಟಿಸಿದ್ದರು, ನಮ್ಮ ಟಿ.ಪಿ. ಕೈಲಾಸಂ ಕೂಡ ನಟಿಸಿದ್ದರು. ಮುಂದೆ ಸ್ವಾತಂತ್ರ್ಯ ಹೋರಾಟ, ಮಹಿಳಾ ಚಳವಳಿ, ಕರಕುಶಲ ಕಲೆಗಳ ಪುನರುಜ್ಜೀವನಗಳ ಮುಂಚೂಣಿಯಲ್ಲಿ ನಿಂತ ಹೆಣ್ಣೊಬ್ಬಳು ಆ ವಯಸ್ಸಿನಲ್ಲಿ ಬೆಳ್ಳಿತೆರೆಯ ಮೇಲೆ ಹೇಗಿದ್ದಳೆಂದು ನೋಡಲು ನಮಗೆ ಕುತೂಹಲವಿರಬೇಡವೇ? ಚಿತ್ರ ಇಲ್ಲದಿದ್ದಾಗ ಉಳಿಯುವುದು ಕಥಾಸಾರಾಂಶ ಮಾತ್ರ. ಕಥಾಸಾರಾಂಶ ಯಾವಾಗಲೂ ಗಂಡಸರ ಪರ. ಅಭಿನಯದಲ್ಲಿ ಮಾತ್ರ ಹೆಣ್ಣು ತನ್ನದೊಂದು ಮಾತು ಸೇರಿಸಬಲ್ಲಳು.

‘ಸತಿ ಸುಲೋಚನಾ’ದ ಒಂದು ಪ್ರತಿಯೂ ಇಂದು ಉಳಿದಿಲ್ಲ. ರಾವ್ ಅವರ ಮೂಕಿ ಚಿತ್ರಗಳ ಗತಿಯೂ ಅದೇ. ಕಾರಣಗಳು ಗೊತ್ತಿರುವಂಥವೇ. ಅಂದಿನ ಫಿಲ್ಮು ನೈಟ್ರೇಟಿನದು. ಬೇಗ ಹೊತ್ತಿಕೊಳ್ಳುವಂಥದು, ಸೆಕೆಯಲ್ಲಿ ತನ್ನಷ್ಟಕ್ಕೆ ಕರಗಿ ಅಂಟಾಗಿ ಪುಡಿಯಾಗುವಂಥದು. ಟಾಕಿ ಬಂದ ಮೇಲೆ ಮೂಕಿಗೆ ಬೆಲೆ ಇಲ್ಲವಾಯಿತು. ಅದರಲ್ಲಿದ್ದ ಬೆಳ್ಳಿಗೆ ಬೆಲೆ ಇತ್ತು, ರೀಲುಗಳನ್ನು ಬೆಳ್ಳಿಗಾಗಿ ಮಾರಿದರು. ಭಾರತದಲ್ಲಿ ತಯಾರಾದ ಸುಮಾರು 1300 ಮೂಕಿ ಚಿತ್ರಗಳಲ್ಲಿ ಇಂದು ಪೂರ್ಣವಾಗಿಯೋ ತುಣುಕಾಗಿಯೋ ಉಳಿದಿರುವುದು ಮೂವತ್ತರ ಆಸುಪಾಸು. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾದದ್ದೇ 1964ರಲ್ಲಿ, ಪಿ.ಕೆ. ನಾಯರ್ ಅವರಂಥ ಒಬ್ಬ ಹಟವಾದಿ ಊರೂರು ಅಲೆಯದಿದ್ದರೆ ಫಾಲ್ಕೆಯವರ ಚಿತ್ರಗಳೂ ನಮಗೆ ದಕ್ಕುತ್ತಿರಲಿಲ್ಲ. ಶ್ರೀಮಂತ ದೇಶಗಳ ಕಥೆಯೂ ಬಹಳ ಬೇರೆಯಲ್ಲ. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ 2013ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ ಇಲ್ಲಿನ ಸುಮಾರು 11 ಸಾವಿರ ಮೂಕಿ ಕಥಾಚಿತ್ರಗಳಲ್ಲಿ ಮೂಲರೂಪದಲ್ಲಿ ಪೂರ್ಣವಾಗಿ ಉಳಿದಿರುವುದು ಶೇಕಡಾ 14 ಮಾತ್ರ.

ಆದರೆ ಉಳಿದದ್ದು ಹೇಗೆ ಉಳಿಯಿತು ಎಂಬುದರಲ್ಲಿ ವಲಸಿಗರಾದ ನಮಗೊಂದು ಪಾಠವಿದೆ. ಕೆನಡಾದ ಯೂಕಾನ್ ಪ್ರದೇಶದ ಡಾಸನ್ ಸಿಟಿ, ಚಿತ್ರ ವಿತರಣೆಯ ಸರಪಳಿಯ ಕೊನೆಯ ಊರು. ಅಲ್ಲಿಂದ ರೀಲು ಮರಳಿಸುವ ಖರ್ಚು ಯಾರಿಗೂ ಬೇಡವಾಗಿ, ಹಳೆಯ ಈಜುಕೊಳವೊಂದರಲ್ಲಿ ಹೂತುಹಾಕಿದ್ದರು. 1978ರಲ್ಲಿ ನೆಲ ಅಗೆದಾಗ ಹೆಪ್ಪುಗಟ್ಟಿದ ಮಣ್ಣಿನಿಂದ ಐನೂರಕ್ಕೂ ಹೆಚ್ಚು ರೀಲುಗಳು ಹೊರಬಂದವು. 1919ರಲ್ಲಿ ಕಲ್ಕತ್ತೆಯಲ್ಲಿ ತಯಾರಾದ ‘ಬಿಲ್ವಮಂಗಲ್’ ಭಾರತದಲ್ಲಿ ಎಲ್ಲಿಯೂ ಇರಲಿಲ್ಲ. ಅದರ ಒಂದು ಭಾಗ ಸಿಕ್ಕಿದ್ದು ಪ್ಯಾರಿಸ್ಸಿನ ಸಿನೆಮಾತೆಕ್ ಫ್ರಾಂಸೇಸ್‌ನಲ್ಲಿ. 2016ರಲ್ಲಿ ಅದರ ಪ್ರತಿ ಪುಣೆಗೆ ಬಂತು. ಆ ಬಿಲ್ವಮಂಗಲನ ಕಥೆಯೇ ರಾವ್ ಮತ್ತು ಅಶ್ವತ್ಥಮ್ಮನವರ ‘ಚಿಂತಾಮಣಿ’ಯ ಕಥೆಯೂ ಹೌದು.

ಫ್ರಾನ್ಸಿನ ಮ್ಯಾಕ್ಸ್ ಲಿಂಡರ್ ಅವರದೂ ಇಂಥದೇ ಉದಾಹರಣೆ. 1905ರಲ್ಲಿ ಪಾಥೆ ಸಂಸ್ಥೆ ಸೇರಿ, ರೇಷ್ಮೆ ಟೋಪಿ ತೊಟ್ಟ ಶೋಕಿಲಾಲನ ಪಾತ್ರವನ್ನು ಸೃಷ್ಟಿಸಿ, ತನ್ನ ಚಿತ್ರಗಳನ್ನು ತಾನೇ ನಿರ್ದೇಶಿಸಿದ ಈ ನಟನನ್ನು ಚಾಪ್ಲಿನ್ ತನ್ನ ಗುರುವೆಂದು ಒಪ್ಪಿಕೊಂಡಿದ್ದರು. 1925ರಲ್ಲಿ ಲಿಂಡರ್ ಮತ್ತು ಅವರ ಎಳೆಯ ವಯಸ್ಸಿನ ಪತ್ನಿ ಪ್ಯಾರಿಸ್ಸಿನಲ್ಲಿ ದುರಂತ ಸಾವನ್ನಪ್ಪಿದಾಗ ಮಗಳು ಮೋಡ್ ಇನ್ನೂ ಹಸುಗೂಸು. ದೊಡ್ಡವಳಾದ ಮೇಲೆ ತಂದೆಯನ್ನು ತೆರೆಯ ಮೇಲೆ ಮಾತ್ರ ಕಂಡ ಆಕೆ, ಚದುರಿದ ಪ್ರತಿಗಳನ್ನು ಹುಡುಕಿ ಕೂಡಿಸುವುದರಲ್ಲಿಯೇ ಆಯುಷ್ಯ ಕಳೆದರು. 1963ರಲ್ಲಿ, ಮತ್ತೆ 1983ರಲ್ಲಿ, ಅವುಗಳಿಂದ ಚಿತ್ರಗಳನ್ನು ಕಟ್ಟಿ ಜಗತ್ತಿನ ಮುಂದಿಟ್ಟರು. ಪಾಥೆಯ ಚಿತ್ರಗಳು ಲೋಕವೆಲ್ಲ ಹರಡಿದ್ದರಿಂದ ಆಕೆಗೆ ಹುಡುಕಲು ಏನಾದರೂ ಇತ್ತು. ಗಮನಿಸಿ: ಚದುರಿದ್ದು ಉಳಿಯಿತು, ಒಂದೆಡೆ ಕೂಡಿಟ್ಟದ್ದು ಬೆಂಕಿಗೆ ಸಿಕ್ಕಿತು. ಊರು ಬಿಟ್ಟು ಚದುರಿದವರಾದ ನಾವು ಇದನ್ನು ಬರಿಯ ರೂಪಕವಾಗಿ ಅಲ್ಲ, ಕೆಲಸದ ಸೂಚನೆಯಾಗಿ ಓದಬೇಕು.

ಕೆಲಸ ಹೇಗಿರಬಹುದೆಂಬುದಕ್ಕೆ ಮಾದರಿ ನಮ್ಮ ಪಕ್ಕದಲ್ಲಿಯೇ ಇದೆ. ರಾಲಿಯಿಂದ ಷಾರ್ಲೆಟ್ ಕಡೆಗೆ ಹೊರಟರೆ ಕನ್ನಾಪೊಲಿಸ್ ಎಂಬ ಊರಿನ ಫಲಕ ಕಾಣುತ್ತದೆ. ಹೆಸರು ಕಂಡು ನಗದ ಕನ್ನಡಿಗ ಇಲ್ಲಿಲ್ಲ; ಆದರೆ ಅದು ಕ್ಯಾನನ್ ಎಂಬ ಟವೆಲ್ ಗಿರಣಿಯ ಒಡೆಯರಿಂದ ಬಂದ ಹೆಸರು. ಈ ರಾಜ್ಯದ ಲೆಕ್ಸಿಂಗ್ಟನ್ ಊರಿನಲ್ಲಿ ಎಚ್. ಲೀ ವಾಟರ್ಸ್ ಎಂಬ ಫೋಟೋ ಸ್ಟುಡಿಯೋದವರಿದ್ದರು. ಆರ್ಥಿಕ ಮುಗ್ಗಟ್ಟಿನ ದಿನಗಳಲ್ಲಿ ಹೊಟ್ಟೆಪಾಡಿಗಾಗಿ, 1936ರಿಂದ 1942ರವರೆಗೆ, ಕ್ಯಾಮೆರಾ ಹೊತ್ತು ಎರಡೂ ಕೆರೊಲಿನಾ ಮತ್ತು ವರ್ಜೀನಿಯಾದ ನೂರಕ್ಕೂ ಹೆಚ್ಚು ಊರುಗಳನ್ನು ಸುತ್ತಿದರು. ಪಾಳಿ ಮುಗಿಸಿ ಗಿರಣಿಯಿಂದ ಹೊರಬರುವ ಕಾರ್ಮಿಕರು, ಶಾಲೆ ಬಿಟ್ಟ ಮಕ್ಕಳು, ಬೀದಿಯಲ್ಲಿ ನಡೆಯುವವರು ಅವರ ಚಿತ್ರಗಳ ವಸ್ತು. ವರ್ಣಭೇದ ಕಾನೂನೇ ಆಗಿದ್ದ ಕಾಲದಲ್ಲಿ ಕಪ್ಪು ಜನರ ಕೇರಿಗಳನ್ನೂ ಚಿತ್ರಿಸಿದರು. ಎಲ್ಲವೂ ಮೂಕಿ. ಊರಿನ ಚಿತ್ರಮಂದಿರದಲ್ಲಿ ತೋರಿಸುವುದು, ತಮ್ಮನ್ನು ತಾವೇ ನೋಡಲು ಬಂದವರ ಟಿಕೆಟಿನಲ್ಲಿ ಪಾಲು ಪಡೆಯುವುದು, ಇಷ್ಟೇ ವ್ಯವಹಾರ. ಇಂದು ಆ ಸಂಗ್ರಹ ಡರ್ಹಮ್‌ನ ಡ್ಯೂಕ್ ವಿಶ್ವವಿದ್ಯಾಲಯದಲ್ಲಿದೆ. ಕನ್ನಾಪೊಲಿಸ್ ಚಿತ್ರವನ್ನು 2004ರಲ್ಲಿ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಸೇರಿಸಲಾಯಿತು. ಸ್ಟುಡಿಯೋ ಇಲ್ಲದ, ತಾರೆಯರಿಲ್ಲದ ಒಬ್ಬ ಸಣ್ಣ ಊರಿನ ಫೋಟೋಗ್ರಾಫರನ ಮೂಕ ರೀಲುಗಳು ಉಳಿದಿವೆ. ಗುಬ್ಬಿ ವೀರಣ್ಣನವರಂಥ ಮಹಾನಟ ನಟಿಸಿದ ಮೂಕಿ ಚಿತ್ರ ನಮ್ಮ ಕೈಯಲ್ಲಿಲ್ಲ. ಅಲ್ಲಿ ಯಾರೋ ಇದು ನಮ್ಮ ಜನರ ಮುಖ ಎಂದುಕೊಂಡರು, ಸಂಸ್ಥೆಯೊಂದು ಜಾಗ ಕೊಟ್ಟಿತು. ಎರಡೂ ಬೇಕು.

ಹಾಗಾದರೆ ನಾವೇನು ಮಾಡಬಹುದು? ಮೊದಲನೆಯದು, ಕೇಳುವುದು. ಆಲ್ಗೋಟ್ ಬೆಲ್ಜಿಯಂನವರು, ಬ್ರಸೆಲ್ಸ್‌ನಲ್ಲಿ ದೊಡ್ಡ ಚಿತ್ರ ಭಂಡಾರವಿದೆ. ಲೈಬ್ರರಿ ಆಫ್ ಕಾಂಗ್ರೆಸ್‌ನ ಚಲನಚಿತ್ರ ಭಂಡಾರ ವರ್ಜೀನಿಯಾದ ಕಲ್ಪೆಪರ್‌ನಲ್ಲಿದೆ, ರಾಲಿಯಿಂದ ಒಂದು ದಿನದಲ್ಲಿ ಹೋಗಿಬರಬಹುದು. ಯೂರೋಪಿನಲ್ಲಿ, ಇಂಗ್ಲೆಂಡಿನಲ್ಲಿ, ಇಲ್ಲಿ ನೆಲೆಸಿದ ಕನ್ನಡ ಸಂಶೋಧಕರು ಕೂಡಿ, ‘ಹರಿಮಾಯಾ’, ‘ಹಿಸ್ ಲವ್ ಅಫೇರ್’, ‘ಸತಿ ಸುಲೋಚನಾ’ ಮೊದಲಾದ ಹೆಸರುಗಳ ಪಟ್ಟಿಯೊಂದನ್ನು, ನಟರ ಭಾವಚಿತ್ರ ಮತ್ತು ಕಥಾಸಾರಾಂಶಗಳೊಡನೆ, ಭಂಡಾರಗಳಿಗೆ ಬರೆದು ಕಳಿಸಬೇಕು. ಹೆಸರು ಕಳೆದುಕೊಂಡ, ಫಲಕ ಹರಿದುಹೋದ ರೀಲನ್ನು ಗುರುತಿಸಬಲ್ಲವರು ನಮ್ಮ ಕಥೆಗಳನ್ನು ಬಲ್ಲವರೇ. ಎರಡನೆಯದು, ಕಾಗದ. ರೀಲು ಹೋದರೂ ಹಾಡಿನ ಪುಸ್ತಕ, ಕರಪತ್ರ, ಜಾಹೀರಾತು, ಕಂಪನಿಯ ಲೆಕ್ಕದ ಪುಸ್ತಕ, ನಟಿಯೊಬ್ಬಳ ಪತ್ರ ಇವೆಲ್ಲ ಹಳೆಯ ಪೆಟ್ಟಿಗೆಗಳಲ್ಲಿ ಇನ್ನೂ ಇರಬಲ್ಲವು. ಊರಿನ ಮನೆ ಮಾರುವಾಗ ಅಟ್ಟವನ್ನು ಒಮ್ಮೆ ನೋಡಿ. ಮೂರನೆಯದು, ಹಣ. ಒಬ್ಬ ತಾರೆಯನ್ನು ಒಂದು ಸಂಜೆಗೆ ಕರೆಸುವ ಖರ್ಚಿನ ಒಂದಂಶವನ್ನು ನಮ್ಮ ಸಂಘಗಳು ಸಂರಕ್ಷಣೆಗೆ ತೆಗೆದಿಟ್ಟರೂ ಅದು ಸಣ್ಣ ಮೊತ್ತವಾಗಲಾರದು. ನಾಲ್ಕನೆಯದು, ಒತ್ತಾಯ. ತಾಪ ಮತ್ತು ತೇವ ನಿಯಂತ್ರಿಸಿದ ಭಂಡಾರ, ತರಬೇತಿ ಪಡೆದ ಸಿಬ್ಬಂದಿ, ಪ್ರತಿವರ್ಷದ ಖಚಿತ ಅನುದಾನ: ಇವಿಲ್ಲದೆ ಪ್ರಶಸ್ತಿ ಸಮಾರಂಭಗಳಿಂದ ಯಾವ ರೀಲೂ ಉಳಿಯದು. ಇದನ್ನು ಕರ್ನಾಟಕ ಸರ್ಕಾರಕ್ಕೆ ಹೇಳುವ ಹಕ್ಕು ನಮಗೂ ಇದೆ.

ಇವೆಲ್ಲ ಹುಡುಕಾಟಗಳ ಕೊನೆಯಲ್ಲಿ ಏನೂ ಸಿಗದೆ ಹೋಗಬಹುದು. ನೆರೆಯ ಮಲಯಾಳಿಗಳ ಅನುಭವ ಇಲ್ಲಿ ನೆನೆಯುವಂಥದು. ಅವರ ‘ಮಾರ್ತಾಂಡ ವರ್ಮ’ ಮೂಕಿ ಚಿತ್ರ ಉಳಿದದ್ದು ಹಕ್ಕುಸ್ವಾಮ್ಯದ ವ್ಯಾಜ್ಯದಲ್ಲಿ ಪುಸ್ತಕ ಪ್ರಕಾಶಕರ ವಶಕ್ಕೆ ಹೋಗಿ ಮೂಲೆ ಸೇರಿದ್ದರಿಂದ. ಅದಕ್ಕೂ ಮೊದಲಿನ ‘ವಿಗತಕುಮಾರನ್’ ಉಳಿಯಲೇ ಇಲ್ಲ. ಆದರೆ ಉಳಿಯದ ಆ ಚಿತ್ರದ ಜೆ.ಸಿ. ಡೇನಿಯಲ್ ಅವರ ಹೆಸರಿನಲ್ಲಿ ಕೇರಳ ತನ್ನ ಅತ್ಯುನ್ನತ ಚಿತ್ರ ಪ್ರಶಸ್ತಿಯನ್ನು ಕೊಡುತ್ತದೆ. ಮೇಲ್ಜಾತಿಯ ಪಾತ್ರ ವಹಿಸಿದಳೆಂಬ ಕಾರಣಕ್ಕೆ ಊರು ಬಿಟ್ಟು ಓಡಬೇಕಾದ ದಲಿತ ನಟಿ ಪಿ.ಕೆ. ರೋಸಿಯ ಹೆಸರನ್ನು ಇಂದಿನ ಮಹಿಳೆಯರು ತಮ್ಮ ಫಿಲ್ಮ್ ಸೊಸೈಟಿಗೆ ಇಟ್ಟುಕೊಂಡಿದ್ದಾರೆ. ರೀಲು ಇಲ್ಲದಿದ್ದರೂ ಅವರು ಆರಂಭವನ್ನು ಮೂಕಿಯಿಂದಲೇ ಎಣಿಸಿದರು. ಹಾಗೆ ಎಣಿಸಿದ್ದರಿಂದಲೇ ಅಲ್ಲಿ ಯಾರಿಗೆ ಅನ್ಯಾಯವಾಯಿತೆಂಬುದೂ ಬೆಳಕಿಗೆ ಬಂತು.

ವೈ.ವಿ. ರಾವ್ 1973ರಲ್ಲಿ ತೀರಿಕೊಂಡರು. ಅವರ ಮಗಳು ಲಕ್ಷ್ಮಿಯವರನ್ನು ಕನ್ನಡದ ಪ್ರೇಕ್ಷಕರು ಮನೆಮಗಳಂತೆ ಮೆಚ್ಚಿಕೊಂಡಿದ್ದಾರೆ. ತಂದೆಯ ಹೆಸರು ಮಾತ್ರ ರಸಪ್ರಶ್ನೆಯ ಒಂದು ಉತ್ತರವಾಗಿ ಉಳಿದಿದೆ. ಮುಂದಿನ ಮಾರ್ಚ್ 3ರಂದು ಸಂಘದ ವೇದಿಕೆಯಲ್ಲಿ ಮೊದಲ ಕನ್ನಡ ವಾಕ್ಚಿತ್ರ ಯಾವುದೆಂದು ಕೇಳುವವರು, ಅದರ ಹಿಂದೆಯೇ ‘ಹರಿಮಾಯಾ’ದ ಹೆಸರನ್ನೂ ಕೇಳಲಿ. ಉತ್ತರ ಗೊತ್ತಿರುವವರು ಹೆಚ್ಚಿದಷ್ಟೂ, ಎಲ್ಲೋ ಒಂದು ಭಂಡಾರದ ಕಪಾಟಿನಲ್ಲಿ ಹೆಸರಿಲ್ಲದ ಡಬ್ಬಿಯೊಂದನ್ನು ತೆರೆದು ನೋಡುವ ಕೈಗಳೂ ಹೆಚ್ಚುತ್ತವೆ.